ಕ್ಯಾಮೆರಾ ಇರುವಷ್ಟು ದಿನ

ಕ್ಯಾಮೆರಾದವಳದು ಒಂದೇ ಹಟ. ಸಾಕ್ಷ್ಯಚಿತ್ರ ಮಾಡುವವರು ಏನೂ ಕೇಳಬಾರದು, ಏನೂ ಹೇಳಬಾರದು, ಮೂಲೆ ಹಿಡಿದು ಕೂತು ಕಂಡದ್ದನ್ನು ಕಂಡ ಹಾಗೇ ಹಿಡಿಯಬೇಕು. ಹಾಗೆಂದೇ ಬೀಗ ರಿಪೇರಿಯವನ ಮನೆಯಲ್ಲಿ ನಲವತ್ತು ದಿನ ಠಿಕಾಣಿ ಹೂಡಿದ್ದಳು. ಮುಂದೆ ಅಂಗಡಿ, ಹಿಂದೆ ಒಂದೇ ಕೋಣೆ. ಅವನು ಅರದಲ್ಲಿ ಕೀಲಿ ಉಜ್ಜುವುದು, ಹಿತ್ತಾಳೆ ಪುಡಿ ಮೆತ್ತಿದ ಕೈ ತೊಳೆದು ಬಂದು ಮಗಳ ತಲೆ ಬಾಚುವುದು, ಹೆಂಡತಿಯನ್ನು 'ನಮ್ಮ ಮಹಾರಾಣಿ' ಎಂದು ರೇಗಿಸುವುದು ಎಲ್ಲ ಸಿಕ್ಕಿತ್ತು. ಇಂಥ ಗಂಡ ಯಾರಿಗುಂಟು ಯಾರಿಗಿಲ್ಲ ಎಂದು ಇವಳಿಗೆ ಹೊಟ್ಟೆಕಿಚ್ಚಾಗಿದ್ದೂ ಉಂಟು.

ಕೊನೆಯ ದಿನ ಸ್ಟ್ಯಾಂಡ್ ಮಡಚುತ್ತಿದ್ದಾಗ ಹೆಂಡತಿ ಬಾಗಿಲು ಮುಂದೆ ಮಾಡಿ ಹತ್ತಿರ ಬಂದಳು.

"ಅಕ್ಕ, ಇನ್ನೊಂದಷ್ಟು ದಿನ ಬನ್ನಿ. ಅದನ್ನ ಆನ್ ಮಾಡೋದೂ ಬೇಡ, ಸುಮ್ನೆ ಅಲ್ಲಿ ನಿಲ್ಲಿಸಿದ್ರೆ ಸಾಕು. ಅದು ಇರೋವರೆಗೂ ಅವರು ಕೈ ಎತ್ತಲ್ಲ."

ಹೆಂಡತಿ ತೋಳು ಮೇಲೆತ್ತಿ ತೋರಿಸಿದಳು. ಗುರುತುಗಳೆಲ್ಲ ಮಾಸುತ್ತ ಬಂದಿವೆ, ನಿಮ್ಮ ಪುಣ್ಯ ಎಂದು ನಕ್ಕಳು.

ಖಂಡಿತ ಬರುತ್ತೇನೆ ಎಂದು ಮಾತು ಕೊಟ್ಟು ಇವಳು ಹೊರಬಿದ್ದಳು. ಹೋದಳೇ? ಎಲ್ಲಿ ಹೋಗುತ್ತಾಳೆ, ಎಡಿಟಿಂಗ್ ಕೋಣೆ ಸೇರಿಕೊಂಡಳು. ಕಣ್ಣಿಗೆ ಬೀಳದ್ದನ್ನು ತೋರಿಸುವುದು ನನ್ನ ಪದ್ಧತಿಯಲ್ಲ ಎಂದು ತನಗೆ ತಾನೇ ಸಮಜಾಯಿಷಿ ಕೊಟ್ಟುಕೊಂಡಳು. ದೊಡ್ಡ ಪದ್ಧತಿ! ತಲೆ ಬಾಚುವ ದೃಶ್ಯಕ್ಕೆ ಕತ್ತರಿ ಹಾಕಲು ಮನಸ್ಸು ಬರಲಿಲ್ಲ, ಅಷ್ಟೇ ನಿಜ. ಚಿತ್ರ ಟಿವಿಯಲ್ಲಿ ಬಂತು, ಬಹುಮಾನವೂ ಬಂತು. ಜನ ಅಂಗಡಿ ಹುಡುಕಿಕೊಂಡು ಹೋಗಿ ಬೀಗದವನ ಜೊತೆ ಫೋಟೋ ತೆಗೆಸಿಕೊಂಡರು.

ಮೂರು ತಿಂಗಳಾದ ಮೇಲೆ ಪೊಲೀಸ್ ಠಾಣೆಯಿಂದ ಫೋನ್ ಬಂತು. ಹೋಗಿ ನೋಡಿದರೆ ಹೆಂಡತಿ ಬೆಂಚಿನ ಮೇಲೆ ಕೂತಿದ್ದಾಳೆ, ಬಲಗೈಗೆ ಪ್ಲಾಸ್ಟರು. ಮೆಟ್ಟಿಲಲ್ಲಿ ಜಾರಿ ಬಿದ್ದಳೆಂದು ಗಂಡನ ವಾದ. ಇನ್ಸ್‌ಪೆಕ್ಟರಮ್ಮ ಚಿತ್ರವನ್ನು ತಾವೂ ನೋಡಿ ಮನೆಮಂದಿಗೆಲ್ಲ ತೋರಿಸಿದ್ದವರು. ಮಗಳ ತಲೆ ಬಾಚುವ ಗಂಡಸಿನ ಮೇಲೆ ಇಂಥ ದೂರು ಬರೆದುಕೊಳ್ಳಲು ಅವರಿಗೆ ಕೈ ಬರುತ್ತಿರಲಿಲ್ಲ.

"ನಲವತ್ತು ದಿನ ಅಲ್ಲೇ ಇದ್ರಲ್ಲ, ಒಂದ್ ಸಲನಾದ್ರೂ ಹೊಡೆದಿದ್ದು ನೋಡಿದ್ರಾ?"

ನೋಡಿಲ್ಲ, ಆದರೆ ಆಕೆ ಹೇಳಿದ್ದುಂಟು ಎಂದು ಇವಳು ತಡವರಿಸಿದಳು.

"ಯಾವಾಗ? ಸಿನಿಮಾ ತೋರಿಸೋಕೆ ಮುಂಚೆನಾ, ಆಮೇಲಾ?"

ಮುಂಚೆ ಎಂದುಬಿಟ್ಟರೆ ಇಷ್ಟು ವರ್ಷ ಕಟ್ಟಿಕೊಂಡ ಹೆಸರು ಮಣ್ಣುಪಾಲು. ಸರಿಯಾಗಿ ನೆನಪಿಲ್ಲ ಎಂದಳು. ಇನ್ಸ್‌ಪೆಕ್ಟರಮ್ಮ ರಾಜಿ ಎಂದು ಬರೆದು ಹಾಳೆ ಮುಂದೆ ತಳ್ಳಿದರು. ಹೆಂಡತಿ ಎಡಗೈಯಲ್ಲಿ ಸೊಟ್ಟಸೊಟ್ಟಗೆ ಸಹಿ ಹಾಕಿದಳು.

ಹೊರಗೆ ಬಂದ ಮೇಲೆ ಗಂಡ, ಮನೆಗೆ ಬಂದು ಊಟ ಮಾಡಿಕೊಂಡೇ ಹೋಗಬೇಕೆಂದು ಇವಳನ್ನು ಬಾಯಿತುಂಬ ಕರೆದ. ಕೆಲಸವಿದೆ ಎಂದು ಇವಳು ತಲೆ ತಗ್ಗಿಸಿದಳು. ಹೆಂಡತಿ ಉಗಿಯುತ್ತಾಳೆ ಎಂದುಕೊಂಡಿದ್ದರೆ, ಅವಳು ನೆಟ್ಟಗಿದ್ದ ಕೈಯಿಂದ ಇವಳ ಮುಂಗೈಯನ್ನು ಗಟ್ಟಿಯಾಗಿ ಹಿಡಿದುಕೊಂಡಳು.

"ಬನ್ನಿ ಅಕ್ಕ. ಊಟ ಮಾಡೋವಷ್ಟು ಹೊತ್ತಾದ್ರೂ ಇರಿ."

ನಾಚಿಕೆಯಿಂದ ಭೂಮಿಗಿಳಿದು ಹೋದಳು ಇವಳು. ಆದರೂ ಮೆಲ್ಲಗೆ ಕೈ ಬಿಡಿಸಿಕೊಂಡು ಬಸ್ಸಿನ ಕಡೆ ನಡೆದಳು.