ಕಬ್ಬ ಕಡಿ ಸಿನೆಮಾ

ಆ ಸಿನೆಮಾದ ನಿಜವಾದ ಹೆಸರು ಈಗ ಯಾರಿಗೂ ನೆನಪಿಲ್ಲ. ಕತೆಗೆ ತಲೆಯಿಲ್ಲ, ಬುಡವಿಲ್ಲ. ಹಾಸ್ಯವೋ, ನಾಲ್ಕು ಜನರ ಮುಂದೆ ಹೇಳುವಂಥದ್ದಲ್ಲ. ಆದರೂ ಜಮಖಂಡಿ, ಮುಧೋಳದ ಕಡೆ 'ಕಬ್ಬ ಕಡಿ ಸಿನೆಮಾ' ಎಂದರೆ ಸಾಕು, ಅಳುವ ಕೂಸೂ ನಗುತ್ತದೆ. ಅದರಲ್ಲಿ ಕಬ್ಬು ಕಡಿಯುವ ಆಳುಗಳು ಕಬಡ್ಡಿ ಆಡುತ್ತಾರೆ. ಒಬ್ಬ ಗಾಬರಿಯಲ್ಲಿ 'ಕಬಡ್ಡಿ, ಕಬಡ್ಡಿ' ಎನ್ನುವ ಬದಲು 'ಕಬ್ಬ ಕಡಿ, ಕಬ್ಬ ಕಡಿ' ಎಂದುಬಿಡುತ್ತಾನೆ. ಎದುರಿನವರೆಲ್ಲ ರೂಢಿಯಂತೆ ಕಡಿಯಲು ಬಗ್ಗುತ್ತಾರೆ. ಅವನು ಒಬ್ಬೊಬ್ಬರ ಕುಂಡಿಗೆ ಬಾರಿಸಿ ಗೆದ್ದು ಬರುತ್ತಾನೆ. ಇಷ್ಟೇ.

ಆ ಪಾತ್ರ ಮಾಡಿದವನು ರನ್ನ ಬೆಳಗಲಿಯ ಮುರಗೆಪ್ಪ. ಅವನ ಮಗಳು ರಾಜಶ್ರೀಗೆ ಆ ಸಿನೆಮಾ ಎಂದರೆ ಮೈಯೆಲ್ಲ ಉರಿ. ಶಾಲೆಯಲ್ಲಿ, ಬಸ್ಸಿನಲ್ಲಿ, ಎಲ್ಲಿ ಹೋದರೂ ಅವಳು 'ಕಬ್ಬ ಕಡಿ'ಯ ಮಗಳೇ.

ಸಾವಳಗಿಯಿಂದ ಕನ್ಯೆ ನೋಡಲು ಬರುವ ದಿನ ಅವಳು ಅಪ್ಪನಿಗೆ ಕೈಮುಗಿದಳು. ಹುಡುಗ ಕಲ್ಮೇಶ ಫೋಟೋದಲ್ಲೇ ಅವಳ ಮನಸ್ಸಿಗೆ ಬಂದಿದ್ದ. ಸಂಬಂಧ ಕೈತಪ್ಪೀತೆಂಬ ಅಂಜಿಕೆ.

"ಅಪ್ಪಾ, ಸಿನೆಮಾ ಸುದ್ದಿ ತಗೀಬ್ಯಾಡ. ಇದೊಂದ್ ದಿನ ಸುಮ್ಮ ಕುಂದ್ರು."

"ಆತವ್ವಾ," ಎಂದ ಮುರಗೆಪ್ಪ. ಮುಖ ಸಣ್ಣದಾಯಿತು.

ಅವಲಕ್ಕಿಯಾಯಿತು, ಚಹಾ ಬಂತು. ಅಷ್ಟರಲ್ಲಿ ಹುಡುಗನ ಅಜ್ಜಿ ಶಂಕ್ರೆವ್ವ ಚಹಾದ ಬಸಿ ಕೆಳಗಿಟ್ಟು ಮುರಗೆಪ್ಪನನ್ನು ದಿಟ್ಟಿಸಿದಳು.

"ನೀ ಕಬ್ಬ ಕಡಿ ಅಲ್ಲೇನಪಾ?"

ನೆಲ ಬಾಯಿಬಿಡಬಾರದೇ ಅನ್ನಿಸಿತು ರಾಜಶ್ರೀಗೆ.

"ನಮ್ಮ ಮನಿಯವ್ರು ಹಾಸಿಗಿ ಹಿಡದಾಗ ದಿನಾ ಅದನ್ನ ಹಾಕಸ್ಕೊಂಡು ನಗತಿದ್ರು. ನಗೂಮುಂದ ಅಷ್ಟ ನೋವು ಮರೀತಿದ್ರು," ಎಂದು ಮುದುಕಿ ಕಣ್ಣೊರೆಸಿಕೊಂಡಳು. "ಒಂದ್ಸಲ ಮಾಡಿ ತೋರಸೋ ನಮ್ಮಪ್ಪಾ."

ಕೇಳಿದವರು ಬೀಗರು, ಮುರಗೆಪ್ಪ ನೋಡಿದ್ದು ಮಗಳ ಮುಖ. ಅವಳು ಬಾಯಿಗೆ ಬಂದ 'ಬ್ಯಾಡ'ವನ್ನು ನುಂಗಿ "ಹೂಂ" ಎಂದಳು.

ಅವನು ಕಚ್ಚೆ ಬಿಗಿದು ಪಡಸಾಲೆಯ ನಡುವೆ ಜಿಗಿದ. "ಕಬ್ಬ ಕಡಿ, ಕಬ್ಬ ಕಡಿ..." ನಾಲ್ಕು ಹೆಜ್ಜೆ ಹಾಕುವುದರಲ್ಲಿ ಕೆಮ್ಮು ಒತ್ತರಿಸಿ ಬಂತು. ಗೋಡೆ ಹಿಡಿದು ನಿಂತ. ಯಾರೂ ನಗಲಿಲ್ಲ. ಊರನ್ನೆಲ್ಲ ನಗಿಸಿದವನು ಮಗಳಿಗೆ ಅಂಜಿ ಮನೆಯಲ್ಲಿ ಒಮ್ಮೆಯೂ ಆಡಿ ತೋರಿಸಿರಲಿಲ್ಲ.

ರಾಜಶ್ರೀ ಸೆರಗು ಸಿಕ್ಕಿಸಿ ಅಪ್ಪ ಬಿಟ್ಟಲ್ಲಿಂದ ಹಿಡಿದಳು: "ಕಬ್ಬ ಕಡಿ, ಕಬ್ಬ ಕಡಿ, ಕಬ್ಬ ಕಡಿ..."

ಶಂಕ್ರೆವ್ವ ಕೂತಲ್ಲೇ ಬಗ್ಗಿ ಕುಡುಗೋಲು ಬೀಸಿದಂತೆ ಕೈಬೀಸಿದಳು. ಅಜ್ಜಿಯನ್ನು ನೋಡಿ ಕಲ್ಮೇಶನೂ ಎದ್ದು ಬಗ್ಗಿದ. ಸಿನೆಮಾದಲ್ಲಿ ಬಾರಿಸುವ ಜಾಗ ಬೇರೆ. ರಾಜಶ್ರೀ ಹಿರಿಯರ ಮರ್ಯಾದೆಗೆ ಅವನ ಬೆನ್ನಿಗೆ ಬಾರಿಸಿದಳು.

"ನೀವು ಔಟ್ ಆದ್ರಿ."

ಮನೆ ತುಂಬ ನಗೆ. ಮುರಗೆಪ್ಪ ಇನ್ನೂ ಗೋಡೆ ಬಿಟ್ಟಿರಲಿಲ್ಲ. ಉಸಿರು ಸಿಕ್ಕ ಕೂಡಲೇ ಬೀಗರಿಗೆ ಹೇಳಿದ:

"ನನ್ನ ಮಗಳ್ರೀ ಅಕಿ."