ಸಾಹುಕಾರನಿಗೆ ಆಗದ ಮಾತು

ನಾಯಿಯ ಹೆಸರು ಸಾಹುಕಾರ. ಇಟ್ಟವನು ನಾನಲ್ಲ, ನನ್ನ ಹೆಂಡತಿಯ ಮೊದಲ ಗಂಡ. ಆತ ತೀರಿಕೊಂಡು ಮೂರು ವರ್ಷವಾಯಿತು. ಹೆಸರು ಉಳಿದಿದೆ, ನಾಯಿ ಉಳಿದಿದೆ, ನಾಯಿಯ ದರ್ಪವೂ ಉಳಿದಿದೆ. ಎಂಟು ವರ್ಷ ವಯಸ್ಸು, ಕಂದು ಮೈ, ಮಡಚಿಕೊಂಡ ಎಡಗಿವಿ. ದಿನವಿಡೀ ನಿಂತು ನಿಂತು ಮೊಣಕಾಲು ಬಿದ್ದುಹೋಗಿ ನಾನು ಮನೆಗೆ ಬಂದರೆ, ಮಂಚದ ಕೆಳಗಿನಿಂದ ಅರ್ಧ ಮೂತಿ ಹೊರಗೆ ಹಾಕಿ 'ಓ, ನೀನಾ' ಎನ್ನುವ ಹಾಗೆ ನೋಡಿ ಮತ್ತೆ ಒಳಗೆ ಸರಿಯುತ್ತಾನೆ.

ನಾನು ಕ್ಷೌರಿಕ. ಮೂವತ್ತು ವರ್ಷ ಪಳಗಿದ ಕೈ. ಮೊದಲ ಸಲ ಕೂದಲು ಕತ್ತರಿಸಿಕೊಳ್ಳಲು ಬಂದ ಮಗು ಎಷ್ಟೇ ರಂಪ ಮಾಡಲಿ, ಹತ್ತು ನಿಮಿಷದಲ್ಲಿ ನನ್ನ ಕುರ್ಚಿಯಲ್ಲಿ ಸುಮ್ಮನೆ ಕೂತಿರುತ್ತದೆ. ಕತ್ತರಿಯನ್ನು ಎದುರಿಗೆ ತೋರಿಸಬಾರದು. ಮೊದಲು ದೂರದಲ್ಲಿ ಗಾಳಿಯಲ್ಲೇ ಕಚಕಚ ಅನ್ನಿಸಿ ಸದ್ದಿಗೆ ಒಗ್ಗಿಸಬೇಕು, ಆಮೇಲೆ ತಣ್ಣನೆಯ ಬಾಚಣಿಗೆ, ಕೊನೆಗೆ ಕೈ. ಇಷ್ಟು ಬಲ್ಲವನಿಗೆ ಒಂದು ನಾಯಿ ಯಾವ ಲೆಕ್ಕ ಅಂದುಕೊಂಡಿದ್ದೆ.

ಐವತ್ತೊಂದನೇ ವಯಸ್ಸಿನಲ್ಲಿ ಮದುವೆಯಾದೆ. ಅವಳು ದೊಡ್ಡಾಸ್ಪತ್ರೆಯಲ್ಲಿ ನರ್ಸು, ನಲವತ್ತಾರು. ಅವಳು ಇಟ್ಟ ಶರತ್ತು ಒಂದೇ: "ಸಾಹುಕಾರ ಎಲ್ಲಿರ್ತಾನೋ ನಾನೂ ಅಲ್ಲೇ. ಅವನಿಗೆ ಜಾಗ ಇಲ್ಲ ಅಂದ್ರೆ ನನಗೂ ಬೇಡ." ಅದಕ್ಕೇನಂತೆ ಅಂದೆ. ಆ ನಾಲಿಗೆಗೆ ಈಗ ಬರೆ ಹಾಕಬೇಕು.

ನಾಲ್ಕು ತಿಂಗಳಲ್ಲಿ ನಾನು ಮಾಡದ ಸೇವೆಯಿಲ್ಲ. ಮೊಟ್ಟೆ ಬೇಯಿಸಿ ಸಿಪ್ಪೆ ಸುಲಿದು ಇಟ್ಟೆ. ನಾನು ಅಡುಗೆಮನೆ ದಾಟುವ ತನಕ ಮುಟ್ಟುವುದಿಲ್ಲ. ದಾಟಿದ ಮೇಲೆ ತಟ್ಟೆಯನ್ನು ಕನ್ನಡಿಯ ಹಾಗೆ ನೆಕ್ಕಿಡುತ್ತಾನೆ. ಹಳೇ ಕಂಬಳಿ ಮಡಚಿ ಮೆತ್ತಗೆ ಹಾಸಿದರೆ, ಅದನ್ನು ಕಾಲಿನಿಂದ ತಳ್ಳಿ ತನ್ನ ಹರಕು ಗೋಣಿಚೀಲದ ಮೇಲೇ ಮಲಗುತ್ತಾನೆ. ಕಚ್ಚುವುದಿಲ್ಲ, ಗುರ್ ಅನ್ನುವುದೂ ಇಲ್ಲ. ಕಚ್ಚಿದ್ದರಾದರೂ ಒಂದು ಸಂಬಂಧ ಅಂತ ಇರುತ್ತಿತ್ತು.

ಅದನ್ನೂ ಸಹಿಸಿಕೊಳ್ಳುತ್ತಿದ್ದೆನೇನೋ. ನಿಜವಾದ ಪೀಡೆ ಬೆಳಗ್ಗೆ ಶುರುವಾಗುತ್ತಿತ್ತು. ಅವಳು ಆರಕ್ಕೇ ಡ್ಯೂಟಿಗೆ ಹೋಗುತ್ತಾಳೆ, ಇವನು ಕಣ್ಣೂ ಬಿಡುವುದಿಲ್ಲ. ಎಂಟೂವರೆಗೆ ನಾನು ಹೊರಡಬೇಕು. ಅಷ್ಟೇ ಸಾಕು, ಮಂಚದ ಕೆಳಗಿನಿಂದ ಬಾಣದ ಹಾಗೆ ಬಂದು ಬಾಗಿಲಿಗೆ ಅಡ್ಡ ಬೀಳುತ್ತಾನೆ. ಮೈಯೆಲ್ಲ ಗಡಗಡ ನಡುಕ. ದಾಟಿಕೊಂಡು ಹೋದರೆ ಪ್ಯಾಂಟಿನ ತುದಿ ಹಿಡಿಯುತ್ತಾನೆ. ಬಿಡಿಸಿಕೊಂಡು ಬೀಗ ಹಾಕಿದರೆ ಊಳಿಡಲು ಶುರು, ಎರಡು ಗಂಟೆ ಬಿಡದೆ. ನಾನಿದ್ದರೂ ಆಗುವುದಿಲ್ಲ, ಹೋದರೂ ಆಗುವುದಿಲ್ಲ ಅಂದರೆ ಮನುಷ್ಯ ಏನು ಮಾಡಬೇಕು? ಅವಳ ರಜೆಯ ದಿನ ಮಾತ್ರ ಊಳು ಇರುವುದಿಲ್ಲ. ಅವಳು ಇವನ ಕೊರಳಪಟ್ಟಿ ಹಿಡಿದುಕೊಂಡು ಗೋಡೆಗೆ ಮುಖ ಮಾಡಿ ಕೂತಿರುತ್ತಾಳೆ. ಇಬ್ಬರೂ ಒಂದಾಗಿ ನನಗೆ ಬೆನ್ನು ತೋರಿಸುತ್ತಿದ್ದಾರೆ ಅನ್ನಿಸಿ ಹೊಟ್ಟೆ ಉರಿಯುತ್ತಿತ್ತು.

ಅವಳ ರೀತಿಯೂ ನನಗೆ ಅರ್ಥವಾಗಿರಲಿಲ್ಲ. ಮೊದಲ ವಾರ ಡ್ಯೂಟಿಗೆ ಹೊರಡುವಾಗ "ಹೋಗ್ತೀನಿ" ಅಂದಳು. ನಮ್ಮಮ್ಮ ಇದ್ದಿದ್ದರೆ ಬಾಯಿಯ ಮೇಲೆ ಹೊಡೆಯುತ್ತಿದ್ದಳು. ಮನೆ ಬಿಡುವಾಗ ಯಾರಾದರೂ ಹಾಗನ್ನುತ್ತಾರೆಯೇ? ಒಳ್ಳೆಯ ಮಾತಿನಲ್ಲೇ ತಿದ್ದಿದೆ, ಬಾಯಿ ತುಂಬ 'ಬರ್ತೀನಿ' ಅನ್ನು ಅಂದೆ. ಮರುದಿನ ಹಾಗೇ ಅಂದಳು, ಅಂದವಳು ಮೆಟ್ಟಿಲ ಕಂಬಿ ಹಿಡಿದುಕೊಂಡು ಅರ್ಧ ನಿಮಿಷ ನಿಂತಳು. ಅದರ ಮರುದಿನದಿಂದ ಏನೂ ಹೇಳದೆ ಹೋಗತೊಡಗಿದಳು. ತಿದ್ದಿದ್ದಕ್ಕೆ ಬಿಗುಮಾನ ಅಂದುಕೊಂಡೆ. ಮಧ್ಯಾಹ್ನ ಹನ್ನೆರಡಕ್ಕೆ ಸರಿಯಾಗಿ ವಾರ್ಡಿನಿಂದ ಅಂಗಡಿಗೆ ಫೋನು. ಅಂಗಡೀಲಿದ್ದೀರಾ ಅನ್ನುತ್ತಾಳೆ, ಇದ್ದೀನಿ ಅನ್ನುತ್ತೇನೆ, ಟಕ್ ಎಂದು ಇಡುತ್ತಾಳೆ. ದಿನಾ ಇದೇ. ಅನುಮಾನದ ಹೆಂಗಸು ಅಂದುಕೊಂಡೆ. ಈ ಮೊಣಕಾಲು ಇಟ್ಟುಕೊಂಡು ನಾನು ಎಲ್ಲಿಗೆ ಓಡಿಹೋಗಲಿ?

ಮೊದಲ ಗಂಡ ಹೇಗೆ ಸತ್ತ ಎಂದು ನಾನು ಕೇಳಿರಲಿಲ್ಲ. ಯಾವುದೋ ವಾಹನ ಡಿಕ್ಕಿ ಹೊಡೆಯಿತಂತೆ, ಅಷ್ಟು ಗೊತ್ತಿತ್ತು. ಕೇಳದೆ ಇರುವುದೇ ನನ್ನ ದೊಡ್ಡತನ ಅಂತ ಬೀಗುತ್ತಿದ್ದೆ.

ಕೆಳಗಿನ ಮನೆಯಲ್ಲಿ ಮಾಲೀಕರು, ನಿವೃತ್ತ ಮೇಷ್ಟ್ರು. ಮೂರು ತಿಂಗಳು ತಡೆದುಕೊಂಡರು, ಅದು ಅವರ ಒಳ್ಳೆಯತನ. ನಾಲ್ಕನೇ ತಿಂಗಳ ಒಂದನೇ ತಾರೀಕು ಮೆಟ್ಟಿಲ ಹತ್ತಿರ ನಿಲ್ಲಿಸಿ, "ನೋಡಪ್ಪಾ, ಈ ತಿಂಗಳ ಕೊನೆ ತನಕ ನೋಡ್ತೀನಿ. ಆಮೇಲೆ ಒಂದೋ ನಾಯಿ ಹೋಗ್ಬೇಕು, ಇಲ್ಲಾ ನೀವು ಹೋಗ್ಬೇಕು," ಅಂದರು. ನಾಯಿ ಕೂಗುವ ಮನೆ ಅಂತ ಗೊತ್ತಾದ ಮೇಲೆ ಬೇರೆ ಯಾರು ಬಾಡಿಗೆಗೆ ಕೊಡುತ್ತಾರೆ? ಹೆಂಡತಿಗೆ ಹೇಳಿದೆ. ಅವಳು ಜಗಳ ಮಾಡಲಿಲ್ಲ. ಆಸ್ಪತ್ರೆ ಹಿಂದೆ ಒಂದು ಕೋಣೆ ಖಾಲಿ ಇದೆಯಂತೆ, ಒಂದು ಹೆಂಗಸು ಒಂದು ನಾಯಿಗೆ ಸಾಕು ಅಂದಳು. ನನ್ನನ್ನು ಆ ಎಣಿಕೆಯಲ್ಲಿ ಸೇರಿಸಿರಲಿಲ್ಲ.

ಅಂಗಡಿಯಲ್ಲಿ ಗೋಳು ಹೇಳಿಕೊಂಡದ್ದೇ ತಪ್ಪಾಯಿತು. ಕುರ್ಚಿಗೆ ಕೂತವನೆಲ್ಲ ನಾಯಿ ಪಂಡಿತ. ಉಪವಾಸ ಕೆಡವು ಅಂದವನೊಬ್ಬ, ನಿನ್ನ ಹಳೇ ಬನಿಯನ್ನು ಹಾಸು ಅಂದವನೊಬ್ಬ. ಬ್ಯಾಂಕಿನ ಜವಾನ ಮುಖಕ್ಕೆ ನೊರೆ ಮೆತ್ತಿಸಿಕೊಂಡು, ಗಿಡವಾಗಿ ಬಗ್ಗದ್ದು ಮರವಾಗಿ ಬಗ್ಗೀತೇ ಅಂತ ನಕ್ಕ. ನಾಯಿಗೆ ಅಂದನೋ ಐವತ್ತೊಂದರಲ್ಲಿ ಮದುವೆಯಾದ ನನಗೆ ಅಂದನೋ ಗೊತ್ತಾಗಲಿಲ್ಲ. ಬನಿಯನ್ನು ಮಾತ್ರ ಹಾಸಿ ನೋಡಿದೆ. ಸಾಹುಕಾರ ಅದನ್ನು ಮೂಸಿ ಒಂದು ಸಲ ಸೀನಿದ.

ಕಡೆಗೆ ಪಶುವೈದ್ಯೆಯ ಹತ್ತಿರ ಹೋದೆ. ಆಕೆ ನಾಯಿಯನ್ನು ಬಿಟ್ಟು ನನ್ನನ್ನೇ ಹೆಚ್ಚು ಹೊತ್ತು ನೋಡಿದರು. "ಇದು ಮರಿಯಲ್ಲ. ಮರಿಗಾದ್ರೆ ಕಲಿಸಿದ್ರೆ ಆಯ್ತು. ಇವನು ಏನೇನೋ ಕಲಿತೇ ಬಂದಿದ್ದಾನೆ. ಏನು ಕಲಿತಿದ್ದಾನೆ ಅಂತ ಮೊದಲು ನೀವು ಕಲೀಬೇಕು," ಅಂದರು. ಎದುರಿಗೆ ನಿಂತು ದಿಟ್ಟಿಸಬೇಡಿ, ಪಕ್ಕಕ್ಕೆ ತಿರುಗಿ ನೆಲದ ಮೇಲೆ ಕೂತುಕೊಳ್ಳಿ, ಅವನಾಗೇ ಬರಲಿ. ಹೊರಡುವುದನ್ನು ತುಂಡು ತುಂಡಾಗಿ ಅಭ್ಯಾಸ ಮಾಡಿಸಿ. ಚಪ್ಪಲಿ ಮೆಟ್ಟಿ ಬಿಡಿ, ಬೀಗದ ಕೈ ಎತ್ತಿ ಇಡಿ, ಬಾಗಿಲು ತೆಗೆದು ಹಾಕಿ. ಯಾವುದಕ್ಕೆ ಹೆದರುತ್ತಾನೆ ನೋಡಿ.

ಅವಳಿಗೆ ಹೇಳಿ, ಅಂಗಡಿ ಮುಚ್ಚಿ, ಎಂಟು ದಿನ ಮನೆಯಲ್ಲೇ ಬಡಕೊಂಡೆ. ಬೆಳಗ್ಗೆ ಏಳಕ್ಕೇ ಚಪ್ಪಲಿ ಮೆಟ್ಟಿ ಪೇಪರ್ ಓದಿದೆ. ಬೀಗದ ಕೈಯನ್ನು ಗಿಲಕಿಯ ಹಾಗೆ ಆಡಿಸಿದೆ. ಬಾಗಿಲು ತೆಗೆದು ಹೊರಗೆ ನಿಂತೆ, ಒಂದು ಮೆಟ್ಟಿಲು ಇಳಿದೆ, ಹತ್ತಿದೆ, ಐದು ಇಳಿದೆ, ಹತ್ತಿದೆ. ಏನಾದರೂ ಕಳಕೊಂಡಿರಾ ಅಂತ ಮೇಷ್ಟ್ರ ಹೆಂಡತಿ ಕೇಳಿದರು. ಮಾನ ಒಂದನ್ನು ಬಿಟ್ಟು ಇನ್ನೇನೂ ಇಲ್ಲ ಅಂದೆ. ಸಾಹುಕಾರ ಮಾತ್ರ ಕದಲಲಿಲ್ಲ. ಮುಂಗಾಲ ಮೇಲೆ ಮೂತಿಯಿಟ್ಟು, ಇವನಿಗೆ ತಲೆ ಕೆಟ್ಟಿದೆ ಎನ್ನುವ ಹಾಗೆ ನೋಡುತ್ತಿದ್ದ. ಎಂಟನೇ ದಿನ ಇಡೀ ಮೆಟ್ಟಿಲು ಇಳಿದು, ರಸ್ತೆಯ ತಿರುವಿನ ತನಕ ಹೋಗಿ ಬಂದೆ. ಸದ್ದಿಲ್ಲ. ಗೆದ್ದೆ ಅಂತ ಕುಣಿಯುವುದೊಂದು ಬಾಕಿ.

ಒಂಬತ್ತನೇ ದಿನ ನಿಜವಾಗಿ ಹೊರಟೆ. ಚಪ್ಪಲಿ, ಬೀಗದ ಕೈ, ಬಾಗಿಲು, ಎಲ್ಲ ಅದೇ ಕ್ರಮ. ಖುಷಿಯಿಂದಲೇ "ಬರ್ತೀನಿ ಕಣೋ ಸಾಹುಕಾರ" ಅಂದೆ. ಹಾರಿ ಬಂದು ಅಡ್ಡ ಬಿದ್ದ. ಅದೇ ನಡುಕ, ಅದೇ ಪ್ಯಾಂಟು, ಅದೇ ಊಳು. ಹೊಳೆಯಲ್ಲಿ ಹುಣಸೆಹಣ್ಣು ತೊಳೆದ ಹಾಗಾಯಿತು ನನ್ನ ಎಂಟು ದಿನ. ಸಿಟ್ಟಿಗೆ ಅವತ್ತು ಬ್ಯಾಂಕಿನ ಜವಾನನ ಕಿವಿಯ ಹತ್ತಿರ ಸಣ್ಣಗೆ ಗೀರಿಬಿಟ್ಟೆ. ಮೂವತ್ತು ವರ್ಷದಲ್ಲಿ ಅದು ಎರಡನೇ ಸಲ.

ತಿಂಗಳು ಮುಗಿಯಲು ನಾಲ್ಕು ದಿನ ಇತ್ತು. ಅವತ್ತು ಎದ್ದಾಗ ಮಂಚದ ಪಕ್ಕದಲ್ಲಿ ಅವಳ ಸೂಟ್‌ಕೇಸು ತೆರೆದಿತ್ತು, ಮಡಚಿದ ಬಟ್ಟೆ ಅರ್ಧ ತುಂಬಿತ್ತು. ಅದರ ಪಕ್ಕದಲ್ಲೇ ಸಾಹುಕಾರ, ಕಾವಲು ಕೂತವನ ಹಾಗೆ. ಅವಳು ಡ್ಯೂಟಿಗೆ ಹೋಗಿಯಾಗಿತ್ತು. ನನಗೆ ತಡೆಯಲಾಗಲಿಲ್ಲ. ಐವತ್ತೊಂದು ವರ್ಷ ಒಬ್ಬನೇ ಉಂಡು ಒಬ್ಬನೇ ಮಲಗಿದವನಿಗೆ ಈ ನಾಲ್ಕು ತಿಂಗಳಲ್ಲಿ ಎರಡು ಲೋಟ ತೊಳೆಯುವ ಚಟ ಅಂಟಿತ್ತು. ಅದನ್ನು ಈ ನಾಯಿ ಕಿತ್ತುಕೊಳ್ಳುತ್ತಿದೆ.

"ಸಾಕಾಯ್ತು ಕಣೋ ನಿನ್ನ ಸಹವಾಸ," ಅಂದೆ. "ನಿನ್ನ ಯಜಮಾನನ ಜಾಗ ನನಗೆ ಬೇಡ. ನೀನೇ ಇಟ್ಕೋ. ನಾನು ಹೋಗ್ತೀನಿ."

ಬಾಗಿಲನ್ನು ದಢಾರ್ ಎಂದು ಎಳೆದು ಬೀಗ ಹಾಕಿ ಮೆಟ್ಟಿಲಿಳಿದೆ. ಕೆಳಗೆ ಮೇಷ್ಟ್ರು ಹಾಲಿನ ಪಾತ್ರೆ ಹಿಡಿದು ನಿಂತಿದ್ದರು. ಮೇಲೆ ನೋಡಿದರು, ನನ್ನನ್ನು ನೋಡಿದರು. ಇವತ್ತೇನು ಸದ್ದೇ ಇಲ್ಲ ಅಂದರು.

ನಿಜ, ಸದ್ದಿರಲಿಲ್ಲ. ಬಾಗಿಲಿಗೆ ಅಡ್ಡ ಬಿದ್ದಿರಲಿಲ್ಲ, ಪ್ಯಾಂಟು ಹಿಡಿದಿರಲಿಲ್ಲ, ಅದೂ ಆಗಲೇ ಹೊಳೆಯಿತು. ಇಷ್ಟು ರೇಗಿದ ದಿನ ಯಾಕೆ ಸುಮ್ಮನಿದ್ದಾನೆ? ಬೈದರೆ ಇಷ್ಟವೋ ಈ ಮಹಾರಾಯನಿಗೆ? ಮತ್ತೆ ಹತ್ತಿ ಬೀಗ ತೆಗೆದೆ. ಗೋಣಿಚೀಲದ ಮೇಲೆ ಮಲಗಿದ್ದ. ಬೈದು ನೋಡಿದೆ, ಕಿವಿ ಅಲ್ಲಾಡಲಿಲ್ಲ. ಬಾಗಿಲು ಬಡಿದೆ, ಏನೂ ಇಲ್ಲ. ಆಮೇಲೆ ನಿತ್ಯದ ಹಾಗೆ ಮೆಲ್ಲಗೆ "ಬರ್ತೀನಿ" ಅಂದೆ. ಪೂರ್ತಿ ಅಂದಿರಲಿಲ್ಲ, ಆಗಲೇ ಬಾಗಿಲಲ್ಲಿದ್ದ, ಗಡಗಡ ನಡುಗುತ್ತ. ಎಂಟು ದಿನದ ಅಭ್ಯಾಸದಲ್ಲಿ ನಾನು ಎಲ್ಲವನ್ನೂ ಮಾಡಿದ್ದೆ, ಆ ಒಂದು ಮಾತನ್ನು ಆಡಿರಲಿಲ್ಲ. ಹಿಂದೊಮ್ಮೆ ಕೆಳಗಿನಿಂದ ಕರೆದ ಯಾರಿಗೋ ಅರ್ಧ ಗಂಟೆಯಲ್ಲಿ ಬರ್ತೀನಿ ಅಂದಾಗಲೂ ಇವನು ಎದ್ದು ಬಾಗಿಲಿಗೆ ಓಡಿದ್ದು ನೆನಪಾಯಿತು. ಹುಚ್ಚು ನಾಯಿ ಅಂತ ಆಗ ಬೈದಿದ್ದೆ.

ಅವತ್ತು ಅಂಗಡಿಗೆ ಹೋಗಲಿಲ್ಲ. ಹನ್ನೆರಡಕ್ಕೆ ಅವಳ ಫೋನು ಬಂದದ್ದು ಅಂಗಡಿಯ ಫೋನಿಗೆ. ಯಾರೂ ಎತ್ತಲಿಲ್ಲ. ಹನ್ನೆರಡೂವರೆಗೆ ಅವಳೇ ಮೆಟ್ಟಿಲು ಹತ್ತಿ ಬಂದಳು, ಡ್ಯೂಟಿ ಬಟ್ಟೆಯಲ್ಲೇ, ಏದುಸಿರು ಬಿಡುತ್ತ. ನನ್ನನ್ನು ನೋಡಿ ಬಾಗಿಲ ಚೌಕಟ್ಟಿಗೆ ಒರಗಿದಳು. ಮುಖದಲ್ಲಿ ಒಂದು ಹನಿ ರಕ್ತ ಇರಲಿಲ್ಲ.

ನಾನು ನಡೆದದ್ದನ್ನೆಲ್ಲ ಹೇಳಿದೆ. ಅವಳು ನೆಲದ ಮೇಲೆ, ಗೋಣಿಚೀಲದ ಪಕ್ಕದಲ್ಲಿ ಕೂತಳು.

"ಕುಕ್ಕರಿನ ರಬ್ಬರ್ ತರೋಕೆ ಹೋಗಿದ್ದು ಅವರು," ಅಂದಳು. "ಹಿಂದಿನ ದಿನ ಜಗಳ ಆಡಿದ್ವಿ. ನಾನು ಅಡುಗೆಮನೆಯಿಂದ ಹೊರಗೆ ಬರ್ಲಿಲ್ಲ. ಅದಕ್ಕೆ ಇವನಿಗೆ ಹೇಳಿ ಹೋದ್ರು. ಬರ್ತೀನಿ ಕಣೋ ಸಾಹುಕಾರ, ಬಾಗಿಲಲ್ಲೇ ಇರು, ಅಂತ. ಇವನು ಇದ್ದ. ಒಂಬತ್ತು ದಿನ ಬಾಗಿಲು ಬಿಡ್ಲಿಲ್ಲ."

ಮೊದಲೇ ಹೇಳಬಾರದಿತ್ತೇ ಅಂದೆ. ನೀವು ಕೇಳಲಿಲ್ಲ ಅಂದಳು. ಅದು ಸರಿಯೇ. ಇವನು ಆ ಮಾತಿಗೇ ಹೀಗಾಡುತ್ತಾನೆ ಅಂತ ಗೊತ್ತಿದ್ದೂ ಸುಮ್ಮನಿದ್ದೆಯಾ ಅಂತ ಮತ್ತೆ ಕೇಳಿದೆ, ಸ್ವಲ್ಪ ಸಿಟ್ಟಿನಿಂದಲೇ.

"ಇವನಿಗೆ ಆಗಲ್ಲ ಅಂತ ಗೊತ್ತಿರ್ಲಿಲ್ಲ ರೀ," ಅಂದಳು. "ನನಗೆ ಆಗಲ್ಲ ಅಂತ ಮಾತ್ರ ಗೊತ್ತಿತ್ತು."

ಎಲ್ಲ ಒಂದೊಂದಾಗಿ ಎದುರಿಗೆ ಬಂತು. ಮೆಟ್ಟಿಲ ಕಂಬಿ ಹಿಡಿದು ಅವಳು ನಿಂತದ್ದು, ರಜೆಯ ದಿನ ಗೋಡೆಗೆ ಮುಖ ಮಾಡಿ ಕೂರುತ್ತಿದ್ದದ್ದು, ಹನ್ನೆರಡಕ್ಕೆ ಮಾಡುತ್ತಿದ್ದ ಆ ಒಂದು ಮಾತಿನ ಫೋನು. ನಾಲ್ಕು ತಿಂಗಳು ಪ್ರತಿ ಬೆಳಗ್ಗೆ ನಾನು ಆ ಮಾತನ್ನು ಬಾಯಿ ತುಂಬ ಆಡಿದ್ದೇನೆ. ಅವಳ ಬಾಯಲ್ಲೂ ಬಲವಂತವಾಗಿ ಆಡಿಸಿದ್ದೇನೆ.

ಮರುದಿನ ಎಂಟೂವರೆಗೆ ಚಪ್ಪಲಿ ಮೆಟ್ಟಿದೆ. ಅವಳು ಅರ್ಧ ದಿನ ರಜೆ ಹಾಕಿ ಮನೆಯಲ್ಲಿದ್ದಳು. ನಾಲಿಗೆ ಹೊರಳಲೇ ಇಲ್ಲ. ಸತ್ತ ಅಮ್ಮ ಎಲ್ಲಿಂದಲೋ ಕೈ ಎತ್ತುತ್ತಾಳೇನೋ ಅನ್ನಿಸಿತು. ಕೊನೆಗೆ "ಹೋಗ್ತೀನಿ" ಅಂದೆ. ಸಾಹುಕಾರ ತಲೆಯೆತ್ತಿ ನೋಡಿ, ಒಂದು ಸಲ ಆಕಳಿಸಿ ಮಲಗಿದ. ಗೋಡೆಗೆ ಮುಖ ಮಾಡಿ ಕೂತಿದ್ದವಳು ತಿರುಗಿ ನನ್ನನ್ನು ನೋಡಿದಳು.

ತಿಂಗಳು ಮುಗಿಯಿತು. ನಾಯಿ ಎಲ್ಲಿ ಅಂತ ಮೇಷ್ಟ್ರು ವಿಚಾರಿಸಿದರು, ಇಲ್ಲೇ ಇದೆ ಅಂದರೆ ನಂಬಲಿಲ್ಲ, ಮೇಲೆ ಬಂದು ನೋಡಿ ಹೋದರು. ಸೂಟ್‌ಕೇಸು ಮಾತ್ರ ಇನ್ನೂ ಅರ್ಧ ತುಂಬಿಕೊಂಡು ಅಲ್ಲೇ ಇತ್ತು. ತೆಗೆದಿಡು ಅನ್ನಲು ನನಗೆ ಧೈರ್ಯ ಸಾಲಲಿಲ್ಲ. ಸಾಹುಕಾರ ಈಗಲೂ ನನ್ನ ಕೈಯಿಂದ ತಿನ್ನುವುದಿಲ್ಲ. ಮೊಟ್ಟೆಯಿಟ್ಟ ಮೇಲೆ ನಾನು ಅಡುಗೆಮನೆ ದಾಟಬೇಕಿಲ್ಲ, ಅಷ್ಟು ದಯೆ ತೋರಿಸಿದ್ದಾನೆ.

ಒಂದನೇ ತಾರೀಕು, ಹನ್ನೊಂದೂಮುಕ್ಕಾಲು. ಕುರ್ಚಿಯಲ್ಲಿ ಬ್ಯಾಂಕಿನ ಜವಾನ, ಅರ್ಧ ಮುಖ ಬೋಳಿಸಿ ಅರ್ಧ ಬಾಕಿಯಿತ್ತು. ಗಡಿಯಾರ ನೋಡಿದೆ. ಕತ್ತಿ ಕೆಳಗಿಟ್ಟು, ಕೈಯ ನೊರೆ ಒರೆಸಿಕೊಂಡು, ನಾನೇ ವಾರ್ಡಿಗೆ ಫೋನು ಮಾಡಿದೆ. ಅವಳನ್ನು ಕರೆಸಿದರು.

"ಅಂಗಡೀಲಿದ್ದೀನಿ," ಅಂದೆ.

ಈ ಸಲ ಅವಳು ಟಕ್ ಎಂದು ಇಡಲಿಲ್ಲ. ಯಾರೋ ಗಾಡಿ ತಳ್ಳಿಕೊಂಡು ಹೋದ ಸದ್ದು, ಯಾರೋ ಕೆಮ್ಮಿದ್ದು ಕೇಳಿಸಿತು. ಜವಾನ ಒಣಗುತ್ತಿದ್ದ ನೊರೆಯೊಳಗಿಂದ ನನ್ನನ್ನೇ ದುರುಗುಟ್ಟಿ ನೋಡುತ್ತಿದ್ದ.

"ಸಂಜೆ ಬೇಗ ಬನ್ನಿ," ಅಂದಳು.

ನಾಲ್ಕು ತಿಂಗಳಲ್ಲಿ ಮೊದಲ ಸಲ ಅವಳು ಹಾಗಂದದ್ದು. ಆಗಲಿ ಅಂದೆ. ಬರ್ತೀನಿ ಅಂತ ಬಾಯಿಗೆ ಬಂದದ್ದನ್ನು ನುಂಗಿಕೊಂಡು ಫೋನಿಟ್ಟೆ, ಜವಾನನ ಉಳಿದ ಅರ್ಧ ಮುಖಕ್ಕೆ ಮತ್ತೆ ನೊರೆ ಹಚ್ಚಿದೆ.