ಕೊಡೆ ಹಿಡಿದವನ ಮುಖ

ನಮ್ಮತ್ತೆ ಬಾಯಿಗೆ ಬೀಗ ಹಾಕೋರು ಇನ್ನೂ ಹುಟ್ಟಿಲ್ಲ. "ನಾಯಕರು ಈ ಊರಲ್ಲಿ ಭಾಷಣ ಮಾಡಿದಾಗ ಅವರಿಗೆ ಕೊಡೆ ಹಿಡಿದಿದ್ದು ನಮ್ಮಪ್ಪ" ಅಂತ ಮದುವೆಯಾಗಿ ಬಂದಾಗಿನಿಂದ ಕೇಳಿ ಕೇಳಿ ನನ್ನ ಕಿವಿ ತೂತಾಗಿದೆ. ಅಲ್ಪನಿಗೆ ಐಶ್ವರ್ಯ ಬಂದ್ರೆ ಅರ್ಧರಾತ್ರೀಲಿ ಕೊಡೆ ಹಿಡಿದನಂತೆ. ಇವರಪ್ಪ ಹಿಡಿದಿದ್ದು ಹಾಡಹಗಲಲ್ಲಿ, ಸದ್ಯ! ಆದರೆ ಪಾಪ, ಅತ್ತೆ ಅಪ್ಪನ ಮುಖಾನೇ ನೋಡಿಲ್ಲ. ಇವರು ಹೊಟ್ಟೇಲಿದ್ದಾಗಲೇ ಆತ ತೀರಿಕೊಂಡ. ಮನೆಯಲ್ಲಿ ಒಂದು ಫೋಟೋನೂ ಇಲ್ಲ.

ಆ ಸಭೆಯ ಮೂಕಿ ರೀಲು ಪುರಸಭೆಯ ಅಟ್ಟದಲ್ಲಿ ಸಿಕ್ಕಿದಾಗ ಅತ್ತೆ ಕಾಲು ನೆಲದ ಮೇಲೆ ನಿಲ್ಲಲಿಲ್ಲ. ಪ್ರೊಜೆಕ್ಟರ್ ತಿರುಗಿಸೋನು ನನ್ನ ಗಂಡ. ಊರಿಗೆ ತೋರಿಸೋ ಮುಂಚೆ ನಾಯಕರ ಸ್ಮಾರಕ ಸಮಿತಿಯವರಿಗೆ ಹಾಕಿದಾಗ ನಾವೂ ಹೋಗಿ ಕೂತೆವು.

ನಾಯಕರು ಪುಟಪುಟನೆ ಓಡಿ ಬಂದು ವೇದಿಕೆ ಹತ್ತಿದರು. ಬಾಯಿ ಆಡುತ್ತಿತ್ತು, ಸದ್ದಿಲ್ಲ.

"ಸದ್ದು ಜಾಸ್ತಿ ಮಾಡೋ!" ಅಂತ ಅತ್ತೆ ಮಗನಿಗೆ ಕೂಗಿದರು.

"ಮೂಕಿ ಕಣಮ್ಮಾ!"

ನಾಯಕರ ಹಿಂದೆ ಕೊಡೆ ಹಿಡಿದ ಕೈ ಇತ್ತು, ಕಾಲೂ ಇತ್ತು. ಮುಖ ಮಾತ್ರ ಪೂರಾ ಕೊಡೆಯ ಮರೆಯಲ್ಲಿ. "ಸ್ವಲ್ಪ ಎತ್ತಿ ಹಿಡಿಯಬಾರದಾ!" ಅಂತ ಅತ್ತೆ ಪರದೆಗೇ ಬೈದರು.

ಅಷ್ಟರಲ್ಲಿ ಜೋರು ಗಾಳಿ. ಕೊಡೆ ಉಲ್ಟಾ ಆಯಿತು, ನಾಯಕರ ಟೋಪಿ ಹಾರಿತು, ಅವರು ಅದರ ಹಿಂದೆ ಕುಪ್ಪಳಿಸಿಕೊಂಡು ಓಡಿದರು. ನಾನು ಬಿದ್ದು ಬಿದ್ದು ನಕ್ಕೆ.

ದೀಪ ಹಾಕಿಸಿ ಸಮಿತಿಯ ಅಧ್ಯಕ್ಷರು ಎದ್ದರು. ಮುಖ ಸುಟ್ಟ ಬದನೆಕಾಯಿ.

"ಗಾಳಿ ಬೀಸೋ ಚೂರು ಕತ್ತರಿಸಿ ಬಿಸಾಕಿ. ನಾಯಕರ ಮರ್ಯಾದೆ ಏನಾಗಬೇಕು?"

ನನ್ನ ಗಂಡ, ಹೆದರುಪುಕ್ಕಲ, ಆಗಲೇ ಕತ್ತರಿಗೆ ಕೈ ಹಾಕಿದ್ದ. ಅತ್ತೆ ಎದ್ದು ನಿಂತರು.

"ಆ ಚೂರಲ್ಲೇ ಕಣಯ್ಯಾ ನಮ್ಮಪ್ಪನ ಮುಖ ಇರೋದು! ಕಣ್ಣು ಮಿಟುಕಿಸೋದರಲ್ಲಿ ಹೋಯ್ತು, ಇನ್ನೂ ಸರಿಯಾಗಿ ನೋಡಿಲ್ಲ. ನಾಯಕರಿಗೆ ಊರ ತುಂಬ ಪ್ರತಿಮೆಗಳಿವೆ. ನಮ್ಮಪ್ಪ ಇನ್ನೆಲ್ಲಿದ್ದಾನೆ?"

ಆ ಗಟ್ಟಿಗಿತ್ತಿಯ ಗಂಟಲು ನಡುಗಿದ್ದನ್ನು ನಾನು ಕೇಳಿದ್ದು ಅದೇ ಮೊದಲು. ಗಂಡನ ಕೈಯಿಂದ ಕತ್ತರಿ ಕಿತ್ತು, ಕುರ್ಚಿ ಮೇಲಿಟ್ಟು, ಅದರ ಮೇಲೆಯೇ ಕೂತೆ.

"ಅಧ್ಯಕ್ಷರೇ, ಬೇಕಿದ್ದರೆ ಬಂದು ತಗೊಳ್ಳಿ."

ಅಧ್ಯಕ್ಷರು ಬರಲಿಲ್ಲ. ಕೆಮ್ಮಿದರು, ಕೂತರು.

ಗಂಡ ರೀಲನ್ನು ಮತ್ತೆ ಹಾಕಿ, ಈ ಸಲ ಮೆಲ್ಲಗೆ ತಿರುಗಿಸಿದ. ಕೊಡೆ ಉಲ್ಟಾ ಆಯಿತು. ಅದನ್ನು ಹಿಡಿದುಕೊಂಡೇ ಒಬ್ಬ ಹುಡುಗ ಹಲ್ಲು ಬಿಟ್ಟು ನಗುತ್ತಿದ್ದ.

ಅತ್ತೆ ನನ್ನ ಕೈ ಗಟ್ಟಿಯಾಗಿ ಹಿಡಿದುಕೊಂಡರು.

"ಅಯ್ಯೋ, ಇನ್ನೂ ಮೀಸೆಯೂ ಸರಿಯಾಗಿ ಬಂದಿಲ್ಲ ಕಣೇ," ಅಂದರು. "ನನ್ನ ಮಗನಿಗಿಂತ ಚಿಕ್ಕವನು ನನ್ನಪ್ಪ."